ವಂಚನೆಯಿಂದಾದ ವಿವಾಹವೂ ಅದರ ಪರಿಹಾರವೂ

"ಸಾವಿರ ಸುಳ್ಳು ಹೇಳಿ ಒಂದು ಮದುವೆ ಮಾಡು" ಎಂಬ ಗಾದೆಯನ್ನು ಕೇಳದ ಕನ್ನಡಿಗರು ವಿರಳ. ಅರಸೀಕೆರೆಯ ಪೇಟೆಯಲ್ಲಾಗಲಿ, ಬೇಲೂರಿನ ದೇವಸ್ಥಾನದ ಬೀದಿಯಲ್ಲಾಗಲಿ, ಹಳೇಬೀಡಿನ ಕಡೆಯ ಹಳ್ಳಿಯ ಜಗಲಿಯ ಮೇಲಾಗಲಿ, ಹೆಣ್ಣು ಗಂಡುಗಳನ್ನು ಗೊತ್ತುಮಾಡುವ ಪ್ರಸ್ತಾಪ ಬಂದಾಗ ಯಾರಾದರೊಬ್ಬ ಹಿರಿಯರು ಈ ಮಾತನ್ನು ನಗುತ್ತ ಹೇಳುವುದೂ, ಕೇಳಿದವರು ತಲೆದೂಗುವುದೂ ವಾಡಿಕೆಯಾಗಿದೆ. ಗಾದೆಯನ್ನು ಕಟ್ಟಿದವರ ಉದ್ದೇಶ ಕೆಟ್ಟದ್ದಾಗಿರಲಾರದು. ಸಣ್ಣಪುಟ್ಟ ಕೊರತೆಗಳನ್ನು ಎತ್ತಿ ಆಡಿ ಒಂದು ಸಂಬಂಧವನ್ನು ಮುರಿಯುವುದಕ್ಕಿಂತ, ಎರಡು ಒಳ್ಳೆಯ ಮಾತುಗಳನ್ನು ಹೆಚ್ಚಾಗಿ ಆಡಿ ಎರಡು ಮನೆಗಳನ್ನು ಕೂಡಿಸುವುದು ಲೇಸೆಂದು ಅವರು ಎಣಿಸಿದ್ದಿರಬೇಕು. ಆದರೆ ಸಾವಿರ ಸುಳ್ಳುಗಳಲ್ಲಿ ಎಲ್ಲವೂ ಒಂದೇ ತೂಕದವಲ್ಲ. ಹೊಲ ಹತ್ತೆಕರೆಯಿದ್ದುದನ್ನು ಹದಿನೈದು ಎಕರೆಯೆಂದು ಹೇಳುವುದು ಒಂದು. ಮನೆಯಲ್ಲಿ ಮೊದಲ ಹೆಂಡತಿಯಿರುವುದನ್ನು ಮರೆಮಾಚುವುದು, ಬಹುಕಾಲದ ವ್ಯಾಧಿಯನ್ನು ಮುಚ್ಚಿಡುವುದು, ಒಬ್ಬಳನ್ನು ತೋರಿಸಿ ಮತ್ತೊಬ್ಬಳನ್ನು ಧಾರೆಯೆರೆಯುವುದು ಮತ್ತೊಂದು. ಇಂಥ ಸುಳ್ಳಿನ ಮೇಲೆ ನಡೆದ ಮದುವೆ ಮದುವೆಯೇ? ಅದನ್ನು ಬಿಡಿಸಬಹುದೇ? ಬಿಡಿಸಿದರೆ, ಸುಳ್ಳು ಹೇಳಿದವರು ಯಾರು, ಅದರ ಬೆಲೆಯನ್ನು ತೆತ್ತವರು ಯಾರು? ಈ ಪ್ರಶ್ನೆಗಳಿಗೆ ನಮ್ಮ ನಾಡಿನ ಧರ್ಮಶಾಸ್ತ್ರವೂ ಈಚಿನ ಶಾಸನಗಳೂ ಕೊಟ್ಟ ಉತ್ತರಗಳನ್ನು ಇಲ್ಲಿ ಯಥಾಮತಿಯಾಗಿ ವಿಚಾರಿಸುವೆವು.

ಹೊಯ್ಸಳ ವಿಷ್ಣುವರ್ಧನನು ಬೇಲೂರಿನಲ್ಲಿ ವಿಜಯನಾರಾಯಣನನ್ನು ಪ್ರತಿಷ್ಠೆಮಾಡಿಸಿದುದು ಕ್ರಿ. ಶ. ೧೧೧೭ರಲ್ಲಿ. ಹೊಯ್ಸಳರು ಆಗ ಕಲ್ಯಾಣದ ಚಾಲುಕ್ಯರ ಮಾಂಡಲಿಕರೆನ್ನಿಸಿಕೊಂಡಿದ್ದರು. ಚಕ್ರವರ್ತಿಯಾಗಿದ್ದವನು ಆರನೆಯ ವಿಕ್ರಮಾದಿತ್ಯ. ಅವನ ಆಳ್ವಿಕೆ ೧೦೭೬ರಿಂದ ೧೧೨೬ರವರೆಗೆ. ಇಂದು ಬೀದರ ಜಿಲ್ಲೆಯ ಬಸವಕಲ್ಯಾಣವಾಗಿರುವ ಆ ರಾಜಧಾನಿಯಲ್ಲಿ ಅವನ ಆಶ್ರಯದಲ್ಲಿಯೇ ವಿಜ್ಞಾನೇಶ್ವರನು ಯಾಜ್ಞವಲ್ಕ್ಯಸ್ಮೃತಿಗೆ 'ಮಿತಾಕ್ಷರಾ' ಎಂಬ ವ್ಯಾಖ್ಯಾನವನ್ನು ರಚಿಸಿದನು. ಹೀಗಾಗಿ ಬೇಲೂರಿನ ಶಿಲ್ಪಿಗಳು ಕಲ್ಲಿನಲ್ಲಿ ಕೈಚಳಕವನ್ನು ತೋರುತ್ತಿದ್ದ ತಲೆಮಾರಿನಲ್ಲಿಯೇ, ಅದೇ ಸಾಮ್ರಾಜ್ಯದ ರಾಜಧಾನಿಯಲ್ಲಿ, ಮುಂದೆ ಬಂಗಾಳವೊಂದನ್ನು ಬಿಟ್ಟು ಭರತಖಂಡದ ಬಹುಭಾಗದ ಹಿಂದೂಗಳ ವ್ಯವಹಾರಕ್ಕೆ ಪ್ರಮಾಣವಾದ ಗ್ರಂಥವು ಸಿದ್ಧವಾಯಿತು. ಆಂಗ್ಲರ ಕಾಲದ ನ್ಯಾಯಸ್ಥಾನಗಳೂ, ಹಾಸನ ಸೀಮೆಯನ್ನೊಳಗೊಂಡಿದ್ದ ಮೈಸೂರು ಸಂಸ್ಥಾನದ ನ್ಯಾಯಸ್ಥಾನಗಳೂ ಅದನ್ನೇ ಮುಂದಿಟ್ಟುಕೊಂಡು ತೀರ್ಪು ಹೇಳಿದುವು. ಆದುದರಿಂದ ನಮ್ಮ ವಿಷಯದ ವಿಚಾರವನ್ನು ಅಲ್ಲಿಂದಲೇ ಆರಂಭಿಸುವುದು ಯುಕ್ತ.

ಯಾಜ್ಞವಲ್ಕ್ಯನ ವಿಧಿ ಸ್ಪಷ್ಟವಾಗಿದೆ. ಕನ್ಯೆಯಲ್ಲಿರುವ ದೋಷವನ್ನು ಹೇಳದೆ ಅವಳನ್ನು ದಾನಮಾಡುವವನು 'ಉತ್ತಮ ಸಾಹಸ'ವೆಂಬ ದಂಡಕ್ಕೆ ಗುರಿಯಾಗತಕ್ಕವನು. ದಂಡಗಳಲ್ಲಿ ಇದು ಅತ್ಯಂತ ಹೆಚ್ಚಿನದು. ಅದೇ ಸ್ಮೃತಿಯ ಲೆಕ್ಕದಂತೆ ೧೦೮೦ ಪಣಗಳು. ದೋಷವಿಲ್ಲದ ಕನ್ಯೆಯನ್ನು ತ್ಯಜಿಸುವವನಿಗೂ ದಂಡವುಂಟು; ಇಲ್ಲದ ದೋಷವನ್ನು ಅವಳ ಮೇಲೆ ಹೊರಿಸುವವನಿಗೆ ನೂರು ಪಣಗಳ ದಂಡ. ಕನ್ಯೆಯನ್ನು ಒಮ್ಮೆ ಮಾತ್ರ ಕೊಡಲಾಗುವುದು, ಕೊಟ್ಟು ಮರಳಿ ಕಸಿದುಕೊಳ್ಳುವವನು ಕಳ್ಳನಿಗೆ ಸಮಾನ ಎಂದ ಸ್ಮೃತಿಕಾರನು, ಮೊದಲಿನವನಿಗಿಂತ ಶ್ರೇಷ್ಠನಾದ ವರನು ಬಂದಲ್ಲಿ ಕೊಟ್ಟವಳನ್ನೂ ಹಿಂತೆಗೆದುಕೊಳ್ಳಬಹುದೆಂದು ಹೇಳುತ್ತಾನೆ. ಇದು ಮಾತಿಗೆ ತಪ್ಪುವುದಕ್ಕೆ ಕೊಟ್ಟ ಅನುಮತಿಯಾಗಬಾರದೆಂದು ವಿಜ್ಞಾನೇಶ್ವರನು ಎರಡು ಕಟ್ಟುಗಳನ್ನು ಹಾಕಿದ್ದಾನೆ: ಮೊದಲಿನ ವರನಲ್ಲಿ ಪಾತಕವೋ ದುರ್ನಡತೆಯೋ ಇರಬೇಕು; ಅದೂ ಸಪ್ತಪದಿಯ ಏಳನೆಯ ಹೆಜ್ಜೆಗೆ ಮೊದಲೇ ಆಗಬೇಕು. ಏಳನೆಯ ಹೆಜ್ಜೆ ಇಟ್ಟ ಮೇಲೆ ಬಾಗಿಲು ಮುಚ್ಚಿತೆಂದರ್ಥ.

ಮನುವಿನ ಧರ್ಮಶಾಸ್ತ್ರ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿದೆ. ವಿಧಿಪೂರ್ವಕವಾಗಿ ಸ್ವೀಕರಿಸಿದ ಮೇಲೆಯೂ, ಕಪಟದಿಂದ ತನಗೆ ಒಪ್ಪಿಸಲ್ಪಟ್ಟ ಕನ್ಯೆಯನ್ನು ಪತಿಯು ಬಿಡಬಹುದು. ದೋಷವನ್ನು ಮುಚ್ಚಿಟ್ಟು ಕೊಟ್ಟವನ ದಾನವೇ ವ್ಯರ್ಥವೆಂದು ಎಣಿಸತಕ್ಕದ್ದು. ಅರಸನು ಅವನಿಂದ ೯೬ ಪಣಗಳನ್ನು ದಂಡವಾಗಿ ತೆಗೆದುಕೊಳ್ಳತಕ್ಕದ್ದು. ಇಂದಿನ ನ್ಯಾಯವಾದಿಗಳು 'ವಿವಾಹವನ್ನು ಶೂನ್ಯಗೊಳಿಸುವುದು' ಎಂದು ಕರೆಯುವ ವಿಚಾರದ ಬೀಜವು ಇಲ್ಲಿಯೇ ಇದೆಯೆನ್ನಬಹುದು. ವಿಚ್ಛೇದನವಾದರೋ ಇದ್ದ ಮದುವೆಯನ್ನು ಮುರಿಯುವುದು. ಶೂನ್ಯಗೊಳಿಸುವುದೆಂದರೆ ಮೂಲದಲ್ಲಿಯೇ ಒಪ್ಪಿಗೆ ಕೆಟ್ಟಿದ್ದುದರಿಂದ ಮದುವೆಯು ನಿಲ್ಲತಕ್ಕದ್ದಲ್ಲವೆಂದು ಸಾರುವುದು.

ಮೈಸೂರಿನವರು ಹೆಮ್ಮೆಪಡಬೇಕಾದ ಇನ್ನೊಂದು ಸಾಕ್ಷ್ಯವೂ ಈ ವಿಷಯಕ್ಕೆ ಒದಗಿಬರುತ್ತದೆ. ಶತಮಾನಗಳ ಕಾಲ ಹೆಸರು ಮಾತ್ರ ಉಳಿದಿದ್ದ ಕೌಟಿಲ್ಯನ ಅರ್ಥಶಾಸ್ತ್ರವನ್ನು ಮೈಸೂರಿನ ಪ್ರಾಚ್ಯ ಪುಸ್ತಕಭಂಡಾರದ ತಾಳೆಗರಿಗಳಲ್ಲಿ ಕಂಡು, ೧೯೦೯ರಲ್ಲಿ ಮುದ್ರಿಸಿ ಲೋಕಕ್ಕೆ ಕೊಟ್ಟವರು ಆರ್. ಶಾಮಶಾಸ್ತ್ರಿಗಳು. ಆ ಗ್ರಂಥದ ವ್ಯವಹಾರ ಪ್ರಕರಣದಲ್ಲಿ, ಸರಕಿನ ಕೊಳ್ಳುವಿಕೆ ಮಾರುವಿಕೆಗಳ ರದ್ದತಿಯ ಜೊತೆಗೇ ವಿವಾಹದ ರದ್ದತಿಯೂ ಬಂದಿದೆ. ದಾಂಪತ್ಯಕ್ಕೆ ಅಡ್ಡಿಯಾಗುವಂಥ ಕನ್ಯಾದೋಷವನ್ನು ಮುಚ್ಚಿ ಕೊಟ್ಟವನಿಗೆ ೯೬ ಪಣಗಳ ದಂಡ. ಪಡೆದ ಶುಲ್ಕವನ್ನೂ ಸ್ತ್ರೀಧನವನ್ನೂ ಅವನು ಹಿಂದಿರುಗಿಸಬೇಕು. ವರನು ತನ್ನ ದೋಷವನ್ನು ಮುಚ್ಚಿ ಮದುವೆಯಾದರೆ ದಂಡವು ಇಮ್ಮಡಿ. ಕೊಟ್ಟ ಶುಲ್ಕವೂ ಸ್ತ್ರೀಧನವೂ ಅವನ ಕೈತಪ್ಪಿದುವೆಂದೇ ಲೆಕ್ಕ. ಪಾಣಿಗ್ರಹಣವಾದ ಮೇಲೆಯೂ ಇಂಥ ದೋಷ ತಿಳಿದುಬಂದರೆ ಹಿಂತೆಗೆತವು ಸಾಧ್ಯ. ಆದರೆ ಮಕ್ಕಳಾದ ಮೇಲೆ ಕೂಡದು. ಗಂಡಿನ ವಂಚನೆಗೆ ಹೆಣ್ಣಿನ ಕಡೆಯವರ ವಂಚನೆಗಿಂತ ಎರಡರಷ್ಟು ದಂಡವನ್ನು ವಿಧಿಸಿದ ಈ ತಕ್ಕಡಿ ಗಮನಾರ್ಹವಾದುದು.

ಇಷ್ಟನ್ನು ಓದಿದ ವಾಚಕರಿಗೆ ನಮ್ಮ ಪೂರ್ವಿಕರು ಸುಳ್ಳಿನ ಮದುವೆಯನ್ನು ಸಹಿಸಿರಲಿಲ್ಲವೆಂಬ ಸಮಾಧಾನವು ಉಂಟಾಗಬಹುದು. ಆ ಸಮಾಧಾನವು ನ್ಯಾಯವಾದುದೇ. ಆದರೆ ಇನ್ನೊಮ್ಮೆ ಓದಿ ನೋಡೋಣ. ದೋಷವನ್ನು ಮುಚ್ಚಿಟ್ಟವನು ತಂದೆ. ದಂಡವನ್ನು ಪಡೆದವನು ಅರಸು. ಬಿಡುಗಡೆಯನ್ನು ಪಡೆದವನು ಪತಿ. ಹುಡುಗಿಯ ಗತಿಯೇನಾಯಿತು? ಅವಳು ಸುಳ್ಳು ಹೇಳಿದವಳಲ್ಲ. ಅವಳನ್ನು ಯಾರೂ ಕೇಳಿಯೂ ಇರಲಿಲ್ಲ. ಒಬ್ಬಳನ್ನು ತೋರಿಸಿ ಮತ್ತೊಬ್ಬಳನ್ನು ಕೊಟ್ಟ ಪ್ರಸಂಗಕ್ಕೆ ಮನುವು ಹೇಳಿದ ಪರಿಹಾರವನ್ನೇ ನೋಡಿರಿ: ಒಂದೇ ಶುಲ್ಕಕ್ಕೆ ವರನು ಇಬ್ಬರನ್ನೂ ಮದುವೆಯಾಗಬಹುದಂತೆ! ಮೋಸಹೋದ ವರನಿಗೆ ನಷ್ಟವು ತುಂಬಿತು ನಿಜ. ಆ ನಷ್ಟಕ್ಕೆ ಭರ್ತಿಯಾಗಿ ಅಳೆದುಕೊಟ್ಟುದು ಇನ್ನೊಂದು ಹೆಣ್ಣಿನ ಬಾಳನ್ನು.

ಮಹಾಭಾರತದ ಉದ್ಯೋಗಪರ್ವದಲ್ಲಿ ಬರುವ ಶಿಖಂಡಿಯ ವೃತ್ತಾಂತವು ಇದಕ್ಕೆ ತಕ್ಕ ನಿದರ್ಶನವಾಗಿದೆ. ಹಳೇಬೀಡಿನ ಹೊಯ್ಸಳೇಶ್ವರನ ಗುಡಿಯ ಗೋಡೆಗಳಲ್ಲಿ ಭಾರತಕಥೆಯ ಸಾಲುಗಳನ್ನು ಕಂಡು ಬೆರಗಾಗುವ ನಮಗೆ ಶಿಖಂಡಿಯೆಂದರೆ ಭೀಷ್ಮನ ಪತನವಷ್ಟೇ ನೆನಪಿಗೆ ಬರುವುದು; ಅವನ ಮದುವೆಯ ಕಥೆಯನ್ನು ನೆನೆಯುವವರು ಕಡಮೆ. ದ್ರುಪದನು ಹೆಣ್ಣಾಗಿ ಹುಟ್ಟಿದ ಮಗುವನ್ನು ಗಂಡೆಂದು ಸಾರಿ, ಗಂಡಿನಂತೆಯೇ ಬೆಳೆಯಿಸಿ, ದಶಾರ್ಣದ ಅರಸನಾದ ಹಿರಣ್ಯವರ್ಮನ ಮಗಳನ್ನು ತಂದು ಮದುವೆ ಮಾಡಿದನು. ಸೊಸೆಯಾಗಿ ಬಂದವಳು ನಿಜವನ್ನು ತಿಳಿದು ತನ್ನ ದಾದಿಯರಿಗೂ ಸಖಿಯರಿಗೂ ತಿಳಿಸಿದಳು. ಅವರು ಅದನ್ನು ದಶಾರ್ಣಕ್ಕೆ ಮುಟ್ಟಿಸಿದರು. ವಂಚನೆಗೆ ಕೆರಳಿದ ಹಿರಣ್ಯವರ್ಮನು ದೂತನನ್ನು ಕಳುಹಿಸಿ ದಂಡೆತ್ತಿ ಬರಲು ಸಿದ್ಧನಾದನು. ತನ್ನಿಂದ ತಾಯಿತಂದೆಗಳಿಗೆ ಒದಗಿದ ವಿಪತ್ತನ್ನು ಕಂಡು ಶಿಖಂಡಿಯು ಪ್ರಾಣತ್ಯಾಗಮಾಡಲೆಂದು ಕಾಡಿಗೆ ಹೋದಾಗ, ಸ್ಥೂಣಾಕರ್ಣನೆಂಬ ಯಕ್ಷನು ಕನಿಕರದಿಂದ ತನ್ನ ಪುರುಷತ್ವವನ್ನು ಕೊಟ್ಟನು. ಹಿರಣ್ಯವರ್ಮನು ಪರೀಕ್ಷೆಮಾಡಿಸಿ, ಅಳಿಯನು ಪುರುಷನೇ ಎಂದು ಕೇಳಿ ಸಂತೋಷಪಟ್ಟು, ಬೀಗನ ಸತ್ಕಾರವನ್ನು ಸ್ವೀಕರಿಸಿ, ಹೊರಡುವಾಗ ತನ್ನ ಮಗಳನ್ನು ಗದರಿಸಿ ಹೋದನಂತೆ. ಇಡೀ ಕಥೆಯಲ್ಲಿ ನಿಜವನ್ನು ನುಡಿದವಳು ಆಕೆಯೊಬ್ಬಳೇ. ಬೈಗಳನ್ನು ತಿಂದವಳೂ ಆಕೆಯೇ. ವ್ಯಾಸಮಹರ್ಷಿಯು ಆಕೆಯ ಹೆಸರನ್ನೂ ಹೇಳದೆ ಮುಂದೆ ಸಾಗಿದ್ದಾನೆ.

ಹೆಣ್ಣಿಗೆ ಬಿಡುಗಡೆಯ ದಾರಿ ಶಾಸ್ತ್ರದಲ್ಲಿ ಇರಲೇ ಇಲ್ಲವೆಂದು ಹೇಳಲಾಗದು. ವರನ ಪುರುಷತ್ವವನ್ನು ಪ್ರಯತ್ನಪೂರ್ವಕವಾಗಿ ಪರೀಕ್ಷಿಸಬೇಕೆಂದು ಯಾಜ್ಞವಲ್ಕ್ಯನೂ ನಾರದನೂ ಹೇಳುತ್ತಾರೆ. ಪತಿಯು ಕಾಣೆಯಾದರೆ, ಸತ್ತರೆ, ಸಂನ್ಯಾಸಿಯಾದರೆ, ಕ್ಲೀಬನಾದರೆ, ಪತಿತನಾದರೆ ಸ್ತ್ರೀಗೆ ಅನ್ಯಪತಿಯು ವಿಹಿತನೆಂದು ನಾರದ ಪರಾಶರರ ಸ್ಮೃತಿಗಳಲ್ಲಿ ಪ್ರಸಿದ್ಧವಾದ ವಚನವುಂಟು. ಆದರೆ ವಿಜಯನಗರದ ಕಾಲದಲ್ಲಿ ಪರಾಶರಸ್ಮೃತಿಗೆ ವ್ಯಾಖ್ಯಾನವನ್ನು ಬರೆದ ಮಾಧವಾಚಾರ್ಯರು ಆ ವಚನವು ಯುಗಾಂತರಕ್ಕೆ ಸೇರಿದುದು, ಕಲಿಯುಗಕ್ಕೆ ಅನ್ವಯಿಸದು ಎಂದು ತೀರ್ಮಾನಿಸಿದರು. ಹೀಗೆ ಮೇಲ್ವರ್ಗದವರ ಮನೆಗಳಲ್ಲಿ ಇದ್ದೊಂದು ಕಿಟಕಿಯೂ ಮುಚ್ಚಿತು. ಇದಕ್ಕೆ ಪ್ರತಿಯಾಗಿ, ಶಾಸ್ತ್ರಗ್ರಂಥಗಳನ್ನು ಓದದ ಎಷ್ಟೋ ಒಕ್ಕಲು ಸಮುದಾಯಗಳಲ್ಲಿ ಕುಲದ ಹಿರಿಯರು ಕೂಡಿ ದಂಪತಿಗಳನ್ನು ಬಿಡಿಸುವುದೂ, ಬಿಡುಗಡೆಯಾದವಳಿಗೆ 'ಕೂಡಿಕೆ' ಅಥವಾ 'ಉಡಿಕೆ'ಯ ಕ್ರಮದಿಂದ ಮರುಮದುವೆ ಮಾಡುವುದೂ ನಡೆದುಬಂದಿತು. ೧೯೫೫ರ ಶಾಸನವೂ ಇಂಥ ರೂಢಿಯ ಬಿಡುಗಡೆಗಳನ್ನು ಅಳಿಸದೆ ಉಳಿಸಿದೆ. ವಂಚಿತಳಾದ ಹೆಣ್ಣಿನ ವಿಷಯದಲ್ಲಿ ಅಗ್ರಹಾರಕ್ಕಿಂತ ಒಕ್ಕಲುಗೇರಿಯೇ ಹೆಚ್ಚು ಕರುಣೆಯನ್ನು ತೋರಿತೆಂದರೆ ಅತಿಶಯೋಕ್ತಿಯಾಗದು.

ಆಂಗ್ಲರ ನ್ಯಾಯಸ್ಥಾನಗಳು ಬಂದ ಮೇಲೆ ಪ್ರಶ್ನೆಯು ಹೊಸ ರೂಪವನ್ನು ತಾಳಿತು. ಹಿಂದೂ ವಿವಾಹವು ಸಂಸ್ಕಾರವೇ ಹೊರತು ಕರಾರಲ್ಲವಾದುದರಿಂದ, ವಿಧಿಯಂತೆ ನಡೆದು ಸಪ್ತಪದಿಯೂ ಆದ ಮೇಲೆ ಅದನ್ನು ಅಲುಗಿಸಲಾಗದೆಂಬುದು ಅವರು ಹಿಡಿದ ಸಾಮಾನ್ಯ ಮಾರ್ಗ. ತಂದೆಯ ಒಪ್ಪಿಗೆಯಿಲ್ಲದೆ ತಾಯಿಯು ಮಗಳನ್ನು ಧಾರೆಯೆರೆದುಕೊಟ್ಟ ಒಂದು ವ್ಯಾಜ್ಯದಲ್ಲಿ ಮದರಾಸಿನ ಉಚ್ಚ ನ್ಯಾಯಸ್ಥಾನವು ಆ ಮದುವೆಯನ್ನು ಎತ್ತಿಹಿಡಿಯಿತು. ೧೮೯೧ರ ವರದಿಗಳಲ್ಲಿ ಅಚ್ಚಾದ ಈ ತೀರ್ಪು ಬಲಾತ್ಕಾರ ವಂಚನೆಗಳಿದ್ದರೆ ಮಾತು ಬೇರೆಯೆಂದು ಒಂದು ಎಡೆಯನ್ನು ಮಾತ್ರ ಉಳಿಸಿತು. ಕ್ರೈಸ್ತರ ವಿಷಯದಲ್ಲಿ ೧೮೬೯ರ ಶಾಸನವು ವಂಚನೆಯಿಂದ ಪಡೆದ ಒಪ್ಪಿಗೆಯ ಮದುವೆಯನ್ನು ಶೂನ್ಯಗೊಳಿಸುವ ಉಚ್ಚ ನ್ಯಾಯಸ್ಥಾನದ ಅಧಿಕಾರವನ್ನು ಮೊದಲೇ ಒಪ್ಪಿಕೊಂಡಿತ್ತು. ಬಾಲ್ಯದಲ್ಲಿ ಪೋಷಕರು ಮಾಡಿದ ಮದುವೆಯನ್ನು ವಯಸ್ಸಿಗೆ ಬಂದ ಮೇಲೆ ನಿರಾಕರಿಸುವ ಹಕ್ಕನ್ನು ಮುಸಲ್ಮಾನ ಸ್ತ್ರೀಯರಿಗೆ ೧೯೩೯ರ ಶಾಸನವು ನಿಯಮಿತ ಕಟ್ಟಳೆಗಳೊಡನೆ ಖಚಿತಪಡಿಸಿತು.

ಇತ್ತ ಕನ್ನಡನಾಡಿನಲ್ಲಿ ವಂಚನೆಗೆ ಬೇರೊಂದು ಮುಖವೂ ಇದ್ದಿತು. ಎಳೆಯ ಹುಡುಗಿಯನ್ನು ಹಣಕ್ಕಾಗಿ ಮುದುಕನಿಗೆ ಕೊಡುವ ಕನ್ಯಾವಿಕ್ರಯವನ್ನು ಕುರಿತು ಸೂರಿ ವೆಂಕಟರಮಣಶಾಸ್ತ್ರಿಗಳು ೧೮೮೭ರಲ್ಲಿಯೇ 'ಇಗ್ಗಪ್ಪ ಹೆಗಡೆಯ ವಿವಾಹ ಪ್ರಹಸನ'ವನ್ನು ಪ್ರಕಟಿಸಿದರು. ೧೮೯೪ರಲ್ಲಿ ಮೈಸೂರು ಸರಕಾರವು ಬಾಲ್ಯವಿವಾಹ ನಿರೋಧದ ಕಾನೂನನ್ನು ಮಾಡಿ, ಎಂಟು ವರ್ಷಕ್ಕೆ ಕಡಮೆಯ ಹುಡುಗಿಯರ ಮದುವೆಯನ್ನೂ, ಐವತ್ತು ದಾಟಿದ ಗಂಡಸರು ಹದಿನಾಲ್ಕಕ್ಕೆ ಕಡಮೆಯ ಹುಡುಗಿಯರನ್ನು ಮದುವೆಯಾಗುವುದನ್ನೂ ನಿಷೇಧಿಸಿತು. ಎಂಟು ವರ್ಷದ ಹುಡುಗಿಗೆ ವರನ ವಿಷಯದಲ್ಲಿ ಸುಳ್ಳು ಹೇಳುವ ಆವಶ್ಯಕತೆಯಾದರೂ ಏನಿದ್ದಿತು? ಒಪ್ಪಿಗೆಯನ್ನೇ ಕೇಳದ ಕಡೆ ಒಪ್ಪಿಗೆ ಕೆಟ್ಟಿತೆಂಬ ಮಾತಿಗೆ ಅರ್ಥವಿಲ್ಲ. ಮೋಸಹೋಗುವ ಅಧಿಕಾರವೂ ಅಂದು ಪೋಷಕರದೇ ಆಗಿತ್ತು.

ಸ್ವಾತಂತ್ರ್ಯಾನಂತರ ೧೯೫೫ರಲ್ಲಿ ಜಾರಿಗೆ ಬಂದ ಹಿಂದೂ ವಿವಾಹ ಶಾಸನವು ತನ್ನ ೧೨ನೆಯ ಪ್ರಕರಣದಲ್ಲಿ, ಒಪ್ಪಿಗೆಯನ್ನು ಬಲಾತ್ಕಾರದಿಂದ ಅಥವಾ ವಂಚನೆಯಿಂದ ಪಡೆದಿದ್ದರೆ ಗಂಡಾಗಲಿ ಹೆಣ್ಣಾಗಲಿ ಮದುವೆಯನ್ನು ಶೂನ್ಯಗೊಳಿಸುವಂತೆ ನ್ಯಾಯಾಲಯವನ್ನು ಬೇಡಬಹುದೆಂದು ವಿಧಿಸಿತು. ಆದರೆ 'ವಂಚನೆ'ಯೆಂದರೇನೆಂಬುದನ್ನು ಬಿಡಿಸಿ ಹೇಳಲಿಲ್ಲ. ವಧುವಿಗೆ ಇದ್ದ ಮೂರ್ಛಾರೋಗವನ್ನು ಮುಚ್ಚಿಟ್ಟಿದ್ದರೆಂಬ ಒಂದು ಪ್ರಕರಣದಲ್ಲಿ ಮುಂಬಯಿಯ ಉಚ್ಚ ನ್ಯಾಯಾಲಯವು, ತಾನು ಮದುವೆಯ ವಿಧಿಗೆ ಒಳಗಾಗುತ್ತಿರುವೆನೆಂದು ತಿಳಿದು ಒಪ್ಪಿದವನು ಮರೆಮಾಚಿದ ಸಂಗತಿಯೊಂದನ್ನು ಹಿಡಿದು ವಂಚನೆಯಾಯಿತೆನ್ನಲಾಗದೆಂದು ಹೇಳಿತು. ಈ ತೀರ್ಪು ವರದಿಯಾದುದು ೧೯೭೨ರಲ್ಲಿ. ೧೯೭೬ರ ತಿದ್ದುಪಡಿಯು ಈ ಸಂದೇಹವನ್ನು ಹರಿಯಿಸಿತು. ವಿಧಿಯ ಸ್ವರೂಪದ ವಿಷಯದಲ್ಲಿಯಷ್ಟೇ ಅಲ್ಲದೆ, ಎದುರುಪಕ್ಷದವರಿಗೆ ಸಂಬಂಧಪಟ್ಟ ಯಾವುದೇ ಮುಖ್ಯವಾದ ಸಂಗತಿ ಸಂದರ್ಭಗಳ ವಿಷಯದಲ್ಲಿ ಮಾಡಿದ ವಂಚನೆಯೂ ವಂಚನೆಯೇ ಎಂದಾಯಿತು. ೧೯೭೮ರಲ್ಲಿ ವಿವಾಹದ ವಯಸ್ಸು ಹೆಣ್ಣಿಗೆ ಹದಿನೆಂಟು, ಗಂಡಿಗೆ ಇಪ್ಪತ್ತೊಂದು ಎಂದು ಏರಿದ ಮೇಲೆ ಪೋಷಕರ ಒಪ್ಪಿಗೆಯ ಮಾತೇ ಬಿದ್ದುಹೋಗಿ, ಮದುವೆಯಾಗುವವರ ಸ್ವಂತ ಒಪ್ಪಿಗೆಯೇ ಪ್ರಧಾನವಾಯಿತು.

ಈ ಪರಿಹಾರಕ್ಕೆ ಎರಡು ಗಡಿಗಳಿರುವುದನ್ನು ಗೃಹಸ್ಥರು ಮರೆಯಬಾರದು. ವಂಚನೆಯು ತಿಳಿದ ದಿನದಿಂದ ಒಂದು ವರ್ಷದೊಳಗೆ ಅರ್ಜಿಯನ್ನು ಸಲ್ಲಿಸಬೇಕು. ತಿಳಿದ ಮೇಲೆಯೂ ಪೂರ್ಣಮನಸ್ಸಿನಿಂದ ಕೂಡಿ ಬಾಳಿದವರಿಗೆ ಈ ಹಕ್ಕಿಲ್ಲ. "ಹೇಗೋ ಸರಿಹೋದೀತು, ಮರ್ಯಾದೆಯ ಪ್ರಶ್ನೆ" ಎಂದು ಹಿರಿಯರು ತಡೆಯುತ್ತ ಹೋದಂತೆ ಆ ವರ್ಷವು ಕಳೆದುಹೋಗುತ್ತದೆ. ಆಮೇಲೆ ಉಳಿಯುವುದು ವಿಚ್ಛೇದನದ ದೀರ್ಘಮಾರ್ಗವೊಂದೇ. ಇನ್ನು ಮಕ್ಕಳ ಮಾತು. ಕೌಟಿಲ್ಯನು ಮಕ್ಕಳಾದವರಿಗೆ ಬಿಡುಗಡೆಯನ್ನೇ ನಿರಾಕರಿಸಿದ್ದನು. ೧೯೭೬ರ ತಿದ್ದುಪಡಿಯ ತರುವಾಯ, ಶೂನ್ಯಗೊಂಡ ಮದುವೆಯಲ್ಲಿ ಹುಟ್ಟಿದ ಮಕ್ಕಳೂ ಔರಸರೇ ಎಂದು ಶಾಸನವು ಸಾರುತ್ತದೆ. ಮದುವೆಯು ಶೂನ್ಯವೆಂದಾದರೂ ಜೀವನಾಂಶವನ್ನು ಕೊಡಿಸುವ ಅಧಿಕಾರ ನ್ಯಾಯಾಲಯಕ್ಕೆ ಉಂಟೆಂದು ೨೦೨೫ರಲ್ಲಿ ಸರ್ವೋಚ್ಚ ನ್ಯಾಯಾಲಯವು ತೀರ್ಮಾನಿಸಿತು. ಸುಳ್ಳು ಹೇಳದವರು ಸುಳ್ಳಿನ ಬೆಲೆಯನ್ನು ತೆರಬಾರದೆಂಬ ತತ್ತ್ವವು ಹೀಗೆ ಒಂಬೈನೂರು ವರ್ಷಗಳ ದಾರಿಯನ್ನು ಸವೆಸಿ ನಮ್ಮ ಕಾಲಕ್ಕೆ ಬಂದು ಮುಟ್ಟುತ್ತಿದೆ.

ಇನ್ನೊಂದು ಮಾತು. ದೋಷವೆಂದರೇನೆಂಬುದು ಕಾಲದಿಂದ ಕಾಲಕ್ಕೆ ಮಾರ್ಪಟ್ಟಿದೆ. ಮೂರ್ಛಾರೋಗವನ್ನು ವಿವಾಹಕ್ಕೆ ಅಡ್ಡಿಯೆಂದು ಎಣಿಸಿದ್ದ ಪದವನ್ನು ೧೯೯೯ರಲ್ಲಿ ಶಾಸನದಿಂದ ತೆಗೆದುಹಾಕಲಾಯಿತು. ಕುಷ್ಠರೋಗವು ವಿಚ್ಛೇದನಕ್ಕೆ ಕಾರಣವೆಂಬುದನ್ನು ೨೦೧೯ರಲ್ಲಿ ತೆಗೆಯಲಾಯಿತು. ಔಷಧದಿಂದ ಹತೋಟಿಗೆ ಬರುವ ವ್ಯಾಧಿಯು ಕಳಂಕವಲ್ಲವೆಂದು ಲೋಕವು ಒಪ್ಪಿತು. ಬಚ್ಚಿಡುವ ಭಯವು ಹುಟ್ಟುವುದು ಕಳಂಕದ ಭಯದಿಂದ. ಹುಡುಗಿಯ ಕಾಹಿಲೆಯನ್ನು 'ದೋಷ'ವೆಂದು ಕರೆಯುವ ಸಮಾಜವೇ ಅವಳ ತಂದೆಯನ್ನು ಸುಳ್ಳುಗಾರನನ್ನಾಗಿ ಮಾಡುತ್ತದೆ. ಆ ಸುಳ್ಳು ಹೊರಬಿದ್ದಾಗ ಅದೇ ಸಮಾಜವು ಅವಳನ್ನು ಹಳಿಯುತ್ತದೆ. ದೋಷಗಳ ಪಟ್ಟಿಯು ಕಿರಿದಾದಷ್ಟೂ ನಿಜವನ್ನು ಹೇಳುವುದು ಸುಲಭವಾಗುವುದೆಂಬುದರಲ್ಲಿ ಸಂದೇಹವಿಲ್ಲ.

ಹೊಯ್ಸಳರ ಶಾಸನವೊಂದನ್ನು ನೆನೆದು ಈ ಲೇಖನವನ್ನು ಮುಗಿಸುವೆವು. ವಿಷ್ಣುವರ್ಧನನ ಅಣ್ಣನಾದ ಒಂದನೆಯ ಬಲ್ಲಾಳನು ೧೧೦೩ರಲ್ಲಿ ಮರಿಯಾನೆ ದಂಡನಾಯಕನ ಮೂವರು ಹೆಣ್ಣುಮಕ್ಕಳಾದ ಪದ್ಮಲದೇವಿ, ಚಾವಲದೇವಿ, ಬೊಪ್ಪದೇವಿಯರನ್ನು ಒಂದೇ ಮಂಟಪದಲ್ಲಿ ವಿವಾಹವಾಗಿ, ಅವರಿಗೆ ಹಾಲೆರೆದು ಸಲಹಿದ ಋಣಕ್ಕಾಗಿ ದಂಡನಾಯಕನಿಗೆ ಸಿಂದಗೆರೆಯ ಪ್ರಭುತ್ವವನ್ನು ಬಿಟ್ಟುಕೊಟ್ಟನು. ಅರಸನು ಒಮ್ಮೆಗೆ ಮೂವರನ್ನು ವರಿಸಿದ ಆ ರೀತಿಯನ್ನು ಇಂದು ಯಾರೂ ಅನುಸರಿಸಬೇಕಾಗಿಲ್ಲ. ಆದರೆ ವರಿಸಿದವನಾರು, ವಧುಗಳಾರು, ಕೊಟ್ಟವನಾರು, ಪಡೆದುದೇನು ಎಂಬುದೆಲ್ಲವನ್ನೂ ಅವರು ಲೋಕದ ಕಣ್ಣೆದುರಿಗೆ ಕಲ್ಲಿನಲ್ಲಿ ಕೆತ್ತಿಸಿ ನಿಲ್ಲಿಸಿದರು. ನಮ್ಮ ಮನೆಗಳ ಲಗ್ನಪತ್ರಿಕೆಯನ್ನು ಕಲ್ಲಿನಲ್ಲಿ ಕೆತ್ತಿಸಬೇಕಾದುದಿಲ್ಲ. ಕೆತ್ತಿಸಲು ಅಂಜಬೇಕಾದ ಮಾತು ಅದರ ಹಿಂದೆ ಇರಬಾರದು, ಅಷ್ಟೆ. ವೀಳ್ಯವನ್ನು ಬದಲಾಯಿಸುವ ಮೊದಲು, ಹೇಳಲೇಬೇಕಾದ ಒಂದು ನಿಜವನ್ನು, ಹಿರಿಯರಿಗಲ್ಲದೆ ಮದುವೆಯಾಗುವ ಆ ಇಬ್ಬರಿಗೇ ನೇರವಾಗಿ ತಿಳಿಸುವ ಧೈರ್ಯವು ನಮ್ಮ ಗೃಹಸ್ಥರಿಗೆ ಬರಲಿ. ಆಗ ಸಾವಿರ ಸುಳ್ಳುಗಳ ಗಾದೆಯು ಹಾಸ್ಯಕ್ಕೆ ಮಾತ್ರ ಉಳಿದೀತು. ದಶಾರ್ಣದ ಆ ಹೆಸರಿಲ್ಲದ ಮಗಳ ಹಾಗೆ ನಿಜ ನುಡಿದು ಬೈಗಳನ್ನು ಕೇಳುವ ಗತಿಯು ನಮ್ಮ ಮನೆಯ ಹೆಣ್ಣುಮಕ್ಕಳಿಗೆ ಬಾರದೆ ಹೋದೀತು.